ಸಿಮ್ಯುಲೇಟರಿನ ವಿಮಾನ ಮತ್ತು ರೇಖಾತ್ಮಕ ಸಮೀಕರಣ

ಮುಳಬಾಗಿಲು ತಾಲ್ಲೂಕಿನ ಪ್ರೌಢಶಾಲೆಯೊಂದರಲ್ಲಿ ಬೋಧನಾಭ್ಯಾಸದ ವೇಳೆ ಒಂಬತ್ತನೆಯ ತರಗತಿಗೆ ರೇಖಾತ್ಮಕ ಸಮೀಕರಣದ ಪಾಠ ಮಾಡಿದೆ. ನಕ್ಷೆ ಸರಿಯಾಗಿಯೇ ಬಂತು. ಆದರೆ ಹಿಂದಿನ ಬೆಂಚಿನ ಹುಡುಗನೊಬ್ಬ, "ಮಿಸ್, ಈ ಗೆರೆ ಎಳೆದು ಏನ್ ಮಾಡೋದು?" ಎಂದು ಕೇಳಿದಾಗ ನನ್ನಲ್ಲಿ ಉತ್ತರವಿರಲಿಲ್ಲ.

ಮುಂದಿನ ಪಾಠಕ್ಕೆ ಮಾಲೂರಿನ ಚಿಕ್ಕಪ್ಪನ ಮಗನಿಂದ ರೇಡಿಯೊ ನಿಯಂತ್ರಿತ ವಿಮಾನದ ಹಳೆಯ ಟ್ರಾನ್ಸ್‌ಮಿಟರ್ ತಂದೆ. ಲ್ಯಾಪ್‌ಟಾಪಿನಲ್ಲಿ ಉಚಿತ ಸಿಮ್ಯುಲೇಟರ್ ಎಫ್‌ಎಂಎಸ್ ಇತ್ತು.

ಟ್ರಾನ್ಸ್‌ಮಿಟರಿನ ಟ್ರೈನರ್ ಕಿಂಡಿಯಿಂದ ಪಿಪಿಎಂ ಸಂಕೇತ ಹೊರಬರುತ್ತದೆ. ಪ್ರತಿ ಕಡ್ಡಿಯ ಸ್ಥಾನವನ್ನು ಸ್ಪಂದಗಳ ನಡುವಿನ ಕಾಲ ಸೂಚಿಸುತ್ತದೆ: ಒಂದು ತುದಿಗೆ ಸುಮಾರು 1000 ಮೈಕ್ರೊಸೆಕೆಂಡು, ಇನ್ನೊಂದು ತುದಿಗೆ 2000. ಮೈಕ್ ಕಿಂಡಿಯಿಂದ ಬಂದರೆ ಸಿಮ್ಯುಲೇಟರಿಗೆ ಈ ಭಾಷೆ ತಿಳಿಯದು. ಜಾಯ್‌ಸ್ಟಿಕ್ ಆದರೆ ಅದಕ್ಕೆ ಗೊತ್ತು. ಎಮ್ಯುಲೇಟರ್ ಬೇಕಾಗುವುದು ಇಲ್ಲಿಯೇ. ವಿಜಾಯ್ ತಂತ್ರಾಂಶವು ಇಲ್ಲದ ಜಾಯ್‌ಸ್ಟಿಕ್ಕನ್ನು ಇದೆಯೆಂದು ವಿಂಡೋಸ್‌ಗೆ ತೋರಿಸುತ್ತದೆ. ಸ್ಮಾರ್ಟ್‌ಪ್ರೊಪೊಪ್ಲಸ್ ಮೈಕ್ ಕಿಂಡಿಗೆ ಬಂದ ಸ್ಪಂದಗಳನ್ನು ಅಳೆದು, ಆ ಬೆಲೆಗಳನ್ನು ಅದಕ್ಕೆ ಒಪ್ಪಿಸುತ್ತದೆ. ಕಾಲವನ್ನು −100ರಿಂದ +100ರವರೆಗಿನ ಸ್ಥಾನವಾಗಿ ಬದಲಿಸುವ ನಿಯಮವನ್ನು ಕಪ್ಪುಹಲಗೆಯ ಮೇಲೆ ಹೀಗೆ ಬರೆದೆ:

ಸ್ಥಾನ = (ಕಾಲ − 1500) ÷ 5

ಮಕ್ಕಳು 1000, 1250, 1500, 2000ಕ್ಕೆ ಕೋಷ್ಟಕ ತುಂಬಿ ಗೆರೆ ಎಳೆದರು. ಬಳಿಕ ವಿಮಾನ ಹಾರಿಸಿದೆ. ಕಡ್ಡಿ ನಡುವಿನಲ್ಲೇ ಇದ್ದರೂ ಅದು ನಿಧಾನವಾಗಿ ಬಲಕ್ಕೆ ವಾಲಿ ನೆಲಕ್ಕೆ ಬಿತ್ತು. ತರಗತಿ ನಕ್ಕಿತು, ವೀಕ್ಷಣೆಗೆ ಬಂದಿದ್ದ ಉಪನ್ಯಾಸಕರು ಏನೋ ಬರೆದುಕೊಂಡರು. ಪರದೆಯಲ್ಲಿ ನಡುಬಿಂದುವಿಗೆ +4 ಎಂದಿತ್ತು. ಅದೇ ಹುಡುಗ ಲೆಕ್ಕ ಹಿಂದಕ್ಕೆ ಮಾಡಿದ: "ನಾಲ್ಕು ಐದಲಿ ಇಪ್ಪತ್ತು. ಇದರ ನಡು 1520 ಮಿಸ್. ಗೆರೆ ಸರಿಸಬೇಕು." ಕೆಲವು ಟ್ರಾನ್ಸ್‌ಮಿಟರುಗಳ ನಡುಬಿಂದು 1520 ಎಂಬುದು ನನಗೆ ನೆನಪಾದದ್ದೇ ಆಗ. 1500ರ ಜಾಗದಲ್ಲಿ 1520 ಬರೆದೆವು. ಓರೆ ಬದಲಾಗಲಿಲ್ಲ, ಗೆರೆ ಮಾತ್ರ ಸರಿಯಿತು. ತಂತ್ರಾಂಶದಲ್ಲೂ ನಡುಬಿಂದು ತಿದ್ದಿದ ಮೇಲೆ ವಿಮಾನ ನೇರ ಹಾರಿತು.

ಇದನ್ನು ಮಾಡಬಯಸುವ ಪ್ರಶಿಕ್ಷಣಾರ್ಥಿ ಮಿತ್ರರಿಗೆ ಮೂರು ಮಾತು. ಟ್ರೈನರ್ ಕಿಂಡಿಯ ವೋಲ್ಟೇಜ್ ಮೊದಲು ಅಳೆಯಿರಿ; ಮೈಕ್ ಕಿಂಡಿಗೆ ಹೆಚ್ಚಾಗುವಂತಿದ್ದರೆ ರೋಧಕ ಜೋಡಿಸಿ. ಮೈಕಿನ ಶಬ್ದ ತಗ್ಗಿಸುವ ಆಯ್ಕೆಯನ್ನು ಆರಿಸಿಡಿ. ಅದು ಸ್ಪಂದಗಳನ್ನೇ ಕೆಡಿಸೀತು. ಟ್ರಾನ್ಸ್‌ಮಿಟರ್ ಬದಲು ಗೇಮ್‌ಪ್ಯಾಡ್ ಬಳಸಿದರೆ, ಅದರ ಕಡ್ಡಿ ತಾನೇ ನಡುವಿಗೆ ಮರಳುವುದರಿಂದ ಎಂಜಿನ್ ಅರ್ಧ ವೇಗದಲ್ಲೇ ಓಡುತ್ತಿರುತ್ತದೆ.

ವಿಮಾನ ಬೀಳುವುದು ನನ್ನ ಪಾಠಯೋಜನೆಯಲ್ಲಿ ಇರಲಿಲ್ಲ. ಮುಂದಿನ ಸಲ ಇರುತ್ತದೆ.