ಪಾತ್ರದ ಮರೆಯಲ್ಲಿ ನಿಂತ ಮೇಷ್ಟ್ರು

ಆಲ್‌ಫ್ರೆಡ್ ಹಿಚ್‌ಕಾಕ್ ನಿರ್ದೇಶನದ ‘ಸ್ಪೆಲ್‌ಬೌಂಡ್’ (1945) ಚಿತ್ರದಲ್ಲಿ ಒಂದು ರಾತ್ರಿಯ ದೃಶ್ಯವಿದೆ. ನೆನಪು ಕಳೆದುಕೊಂಡ ನಾಯಕ ಕ್ಷೌರದ ಕತ್ತಿ ಹಿಡಿದು ಮೆಟ್ಟಿಲಿಳಿದು ಬರುತ್ತಾನೆ. ಕೆಳಗಿದ್ದ ಮುದಿ ಮನೋವೈದ್ಯ ಬ್ರೂಲೋವ್ ಏನನ್ನೂ ಗಮನಿಸದವರಂತೆ ಹರಟುತ್ತಲೇ ಅವನಿಗೊಂದು ಲೋಟ ಹಾಲು ತಂದು ಕೊಡುತ್ತಾರೆ. ಆ ಹಾಲಿಗೆ ಮದ್ದು ಬೆರೆಸಿದ್ದರೆಂಬುದು ನಮಗೆ ತಿಳಿಯುವುದು ಆಮೇಲೆ. ಮರೆಗುಳಿ ಅಜ್ಜನ ಹೊರಚಹರೆಯೊಳಗೆ ಎಚ್ಚೆತ್ತು ಕೂತ ಬುದ್ಧಿ! ಆ ವೇಷದೊಳಗಿದ್ದ ನಟ ಮಿಖಾಯಿಲ್ ಚೆಕಾವ್, ನಾಟಕಕಾರ ಆಂಟನ್ ಚೆಕಾವ್ ಅವರ ಅಣ್ಣನ ಮಗ. ಈ ಪಾತ್ರ ಅವರ ಹೆಸರನ್ನು ಅತ್ಯುತ್ತಮ ಪೋಷಕ ನಟ ಆಸ್ಕರ್‌ನ ನಾಮನಿರ್ದೇಶನದವರೆಗೆ ಒಯ್ದಿತು, ಪ್ರಶಸ್ತಿ ಬರಲಿಲ್ಲ. ಆದರೆ ಅಭಿನಯ ಶಿಕ್ಷಣಕ್ಕೆ ಅವರಿಂದ ಸಂದದ್ದು ಯಾವ ಪ್ರಶಸ್ತಿಗಿಂತಲೂ ದೊಡ್ಡದು. ಪ್ರತಿ ಸಲವೂ ಬೇರೊಬ್ಬನಾಗಲೇಬೇಕಾದ ನಟನ ಅಗತ್ಯದಿಂದಲೇ ಅವರ ಪಾಠ ಹುಟ್ಟಿತು ಎಂಬುದು ನನ್ನ ನಂಬಿಕೆ.

1891ರಲ್ಲಿ ಸೇಂಟ್ ಪೀಟರ್ಸ್‌ಬರ್ಗ್‌ನಲ್ಲಿ ಹುಟ್ಟಿದ ಅವರು 1912ರಲ್ಲಿ ಸ್ಟಾನಿಸ್ಲಾವ್‌ಸ್ಕಿಯವರ ಮಾಸ್ಕೋ ಆರ್ಟ್ ಥಿಯೇಟರ್ ಸೇರಿದರು. 1921ರ ಒಂದೇ ವರ್ಷದಲ್ಲಿ ಅವರು ಗೊಗೊಲ್‌ನ ‘ಇನ್ಸ್‌ಪೆಕ್ಟರ್ ಜನರಲ್’ ನಾಟಕದ ಬಾಯಿಬಡುಕ ಖ್ಲೆಸ್ತಕೋವ್‌ನೂ ಆದರು, ಸ್ಟ್ರಿಂಡ್‌ಬರ್ಗ್‌ನ ಹುಚ್ಚು ದೊರೆ ಎರಿಕ್‌ನೂ ಆದರು. ಇಷ್ಟು ದೂರದೂರದ ಎರಡು ಜೀವಗಳನ್ನು ಒಬ್ಬನೇ ನಟ ತನ್ನ ಸ್ವಂತ ಬದುಕಿನ ನೆನಪುಗಳಿಂದ ಕಡೆದು ನಿಲ್ಲಿಸಲು ಸಾಧ್ಯವೇ? ಆಗ ಸ್ಟಾನಿಸ್ಲಾವ್‌ಸ್ಕಿ ಕಲಿಸುತ್ತಿದ್ದುದು ಅದನ್ನೇ: ಅನುಭವಿಸಿದ ಭಾವವನ್ನು ನೆನಪಿನಿಂದ ಎಬ್ಬಿಸಿ ಪಾತ್ರಕ್ಕೆ ಕೊಡು. ಒಮ್ಮೆ ತರಗತಿಯಲ್ಲಿ ಚೆಕಾವ್ ತಮ್ಮ ತಂದೆಯ ಶವಸಂಸ್ಕಾರವನ್ನು ಅಭಿನಯಿಸಿ ಗುರುವಿನ ಮೆಚ್ಚುಗೆ ಪಡೆದರೆಂದೂ, ತಂದೆ ಇನ್ನೂ ಬದುಕಿದ್ದಾರೆಂಬುದು ಗುರುವಿಗೆ ಆಮೇಲೆ ತಿಳಿಯಿತೆಂದೂ ರಂಗಭೂಮಿಯವರು ಹೇಳಿಕೊಂಡು ಬಂದಿದ್ದಾರೆ. ಇದನ್ನು ಶಿಷ್ಯನ ಕಳ್ಳಾಟವೆಂದು ನಕ್ಕು ಬಿಡುವುದು ಸುಲಭ. ಆದರೆ ನಡೆಯದ ಸಾವೊಂದು ಕಲ್ಪನೆಯ ಬಲದಿಂದಲೇ ನೋಡುವವರನ್ನು ಕಲಕಿತೆಂದರೆ, ಭಾವಕ್ಕೆ ನೆನಪಿನ ಹಂಗಿಲ್ಲವೆಂದು ತಾನೇ ಅರ್ಥ?

ಚೆಕಾವ್ ಅವರ ವಿಧಾನದ ತಿರುಳು ಇದೇ. ‘ನೀನೇ ಪಾತ್ರವಾಗಿದ್ದರೆ ಏನು ಮಾಡುತ್ತಿದ್ದೆ’ ಎಂಬ ಪ್ರಶ್ನೆಯಿಂದ ಅವರು ಹೊರಡುವುದಿಲ್ಲ. ಪಾತ್ರಕ್ಕೆ ನಿನ್ನದಲ್ಲದ ಒಂದು ಮೈಯನ್ನು ಕಲ್ಪಿಸಿಕೋ, ಅದರೊಳಗೆ ಹೊಕ್ಕು ನಡೆದು ನೋಡು ಎನ್ನುತ್ತಾರೆ. ಆ ಮೈಯ ಶಕ್ತಿಕೇಂದ್ರ ಎದೆಯಲ್ಲಿದ್ದರೆ ಒಂದು ನಡಿಗೆ, ಮೂಗಿನ ತುದಿಗೆ ಸರಿದರೆ ಇನ್ನೊಂದು. ಅವರು ‘ಮನೋಭಂಗಿ’ ಎಂದು ಕರೆಯಬಹುದಾದ ಅಭ್ಯಾಸವೊಂದನ್ನೂ ರೂಪಿಸಿದರು: ಪಾತ್ರದ ಮೂಲ ಬಯಕೆ ಯಾವುದೆಂದು ಕಂಡುಕೊಂಡು — ಕಸಿದುಕೊಳ್ಳುವುದೋ, ತಳ್ಳುವುದೋ, ಮುದುಡಿ ಅಡಗುವುದೋ — ಅದನ್ನು ಇಡೀ ಮೈಯಿಂದ ಒಂದೇ ಬಲವಾದ ಚಲನೆಯಾಗಿ ಮತ್ತೆ ಮತ್ತೆ ಮಾಡುವುದು. ಚೌಕಿಯಲ್ಲಿ ವೇಷ ಕಟ್ಟಿಕೊಂಡು ಎದ್ದ ಕೂಡಲೇ ಯಕ್ಷಗಾನ ಕಲಾವಿದನ ನಿಲುವೇ ಬದಲಾಗುವುದನ್ನು ಬಲ್ಲ ಕನ್ನಡಿಗರಿಗೆ, ಮೈಯ ದಾರಿಯಿಂದ ಮನಸ್ಸಿಗೆ ಹೋಗುವ ಈ ಕ್ರಮ ತೀರಾ ಅಪರಿಚಿತವೆನಿಸಲಾರದು.

ಹೀಗೆ ಮಾಡಿದರೆ ಅಭಿನಯ ಬರಿಯ ಹೊರಗಿನ ಕಸರತ್ತಾಗುವುದಿಲ್ಲವೇ ಎಂದು ಕೇಳಬಹುದು. ನಟ ಆ ಭಂಗಿಯನ್ನು ಪ್ರೇಕ್ಷಕರಿಗೆ ತೋರಿಸುವಂತಿದ್ದರೆ ಈ ಆಕ್ಷೇಪ ನಿಲ್ಲುತ್ತಿತ್ತು. ಆದರೆ ಮನೋಭಂಗಿ ತಾಲೀಮಿನ ಕೋಣೆಯ ಸೊತ್ತು. ರಂಗದ ಮೇಲೆ ಅದು ಒಳಗಿದ್ದುಕೊಂಡೇ ದನಿಗೆ, ನೋಟಕ್ಕೆ ಬಣ್ಣ ಕೊಡಬೇಕು. ಸ್ಟಾನಿಸ್ಲಾವ್‌ಸ್ಕಿಯವರೇ ಕೊನೆಯ ವರ್ಷಗಳಲ್ಲಿ ದೈಹಿಕ ಕ್ರಿಯೆಗಳ ಕಡೆಗೆ ಒಲಿದದ್ದು ಶಿಷ್ಯನ ಹಾದಿಗೆ ಸಣ್ಣ ಸಮರ್ಥನೆಯಲ್ಲ. ಮಾಸ್ಕೋದಲ್ಲಿ ಹ್ಯಾಮ್ಲೆಟ್ ಆಗಿ ಮೆರೆದವರು ಹಾಲಿವುಡ್‌ನಲ್ಲಿ ಚಿಲ್ಲರೆ ಪಾತ್ರಗಳಿಗೆ ಇಳಿದದ್ದು ಸೋಲಲ್ಲವೇ ಎಂಬುದು ಇನ್ನೊಂದು ಪ್ರಶ್ನೆ. ನಟನ ಬಾಳಿನ ಲೆಕ್ಕದಲ್ಲಿ ಅದು ನಷ್ಟವೇ, ದೊಡ್ಡ ನಷ್ಟ. ಸೋವಿಯತ್ ಆಡಳಿತಕ್ಕೆ ಅವರ ಆಧ್ಯಾತ್ಮಿಕ ಒಲವುಗಳು ಸಹ್ಯವಾಗದೆ 1928ರಲ್ಲಿ ಅವರು ದೇಶ ಬಿಟ್ಟರು. ಬರ್ಲಿನ್, ಪ್ಯಾರಿಸ್, ಲಾಟ್ವಿಯಾ, ಲಿಥುವೇನಿಯಾ ಎಂದು ಅಲೆಯುತ್ತಾ ಪರಭಾಷೆಗಳ ನಡುವೆ ನಟಿಸಬೇಕಾಯಿತು. ಮಾತಿನ ಆಸರೆ ಕುಸಿದವನಿಗೆ ಮೈಯ ಭಾಷೆಯ ಬೆಲೆ ಇನ್ನಷ್ಟು ತಿಳಿದಿರಬೇಕು.

ಮೇಷ್ಟ್ರಾಗಿ ಅವರು ಸೋಲಲಿಲ್ಲ. 1936ರಲ್ಲಿ ಇಂಗ್ಲೆಂಡಿನ ಡಾರ್ಟಿಂಗ್‌ಟನ್ ಹಾಲ್‌ನಲ್ಲಿ ಅವರ ಶಾಲೆ ಶುರುವಾಯಿತು. ಶಾಂತಿನಿಕೇತನದ ಬಳಿಯ ಶ್ರೀನಿಕೇತನದಲ್ಲಿ ರವೀಂದ್ರನಾಥ ಟ್ಯಾಗೋರರ ಜೊತೆ ದುಡಿದಿದ್ದ ಲೆನರ್ಡ್ ಎಲ್ಮ್‌ಹರ್ಸ್ಟ್ ಮತ್ತು ಪತ್ನಿ ಡೊರೊಥಿ ಕಟ್ಟಿದ ಜಾಗವದು. ಯುದ್ಧದ ಭೀತಿ ಹತ್ತಿರವಾದಾಗ ಶಾಲೆ ಅಮೆರಿಕದ ಕನೆಕ್ಟಿಕಟ್‌ಗೆ ಹೋಯಿತು. ಮುಂದೆ ಹಾಲಿವುಡ್‌ನಲ್ಲಿ ಆಂಟನಿ ಕ್ವಿನ್, ಜಾಕ್ ಪ್ಯಾಲೆನ್ಸ್, ಮರ್ಲಿನ್ ಮನ್ರೋ ಇವರೆಲ್ಲ ಚೆಕಾವ್ ಅವರ ಬಳಿ ಕಲಿತರು. ಅವರ ‘ಟು ದಿ ಆಕ್ಟರ್’ ಪುಸ್ತಕ 1953ರಲ್ಲಿ ಬಂತು. ಎರಡು ವರ್ಷಕ್ಕೆ ಅವರು ತೀರಿಕೊಂಡರು. ಅವರನ್ನು ಡಾರ್ಟಿಂಗ್‌ಟನ್‌ಗೆ ಕರೆತರಲು ಓಡಾಡಿದವರಲ್ಲಿ ಡೊರೊಥಿಯವರ ಮಗಳು ಬಿಯಾಟ್ರಿಸ್ ಸ್ಟ್ರೇಟ್ ಒಬ್ಬರು. ಅದೇ ಶಾಲೆಯ ವಿದ್ಯಾರ್ಥಿನಿ. ‘ನೆಟ್‌ವರ್ಕ್’ (1976) ಚಿತ್ರದಲ್ಲಿ ಗಂಡನ ದ್ರೋಹ ತಿಳಿದ ಹೆಂಡತಿಯಾಗಿ ಆಕೆ ತೆರೆಯ ಮೇಲಿರುವುದು ಸುಮಾರು ಐದು ನಿಮಿಷ. ಅತ್ಯುತ್ತಮ ಪೋಷಕ ನಟಿ ಆಸ್ಕರ್ ಆಕೆಗೆ ಬಂತು.