ನಮ್ಮಂಗಡಿಗೆ ಬಂದ ದತ್ತಣ್ಣ

ಹಲಸೂರಿನಲ್ಲಿ ನಮ್ಮದೊಂದು ಪುಟ್ಟ ದಿನಸಿ ಅಂಗಡಿ. ಬಿ.ಕಾಂ. ಮುಗಿಸಿ ಎಂಟು ತಿಂಗಳು ನಾನು ಕೆಲಸಕ್ಕಾಗಿ ಅಲೆದೆ. ಬೆಳಿಗ್ಗೆ ಫೈಲ್ ಹಿಡಿದು ಇಂದಿರಾನಗರಕ್ಕೋ ಕೆ.ಆರ್. ಪುರಕ್ಕೋ ಸಂದರ್ಶನಕ್ಕೆ ಹೋಗುವುದು, ‘ಫೋನ್ ಮಾಡ್ತೀವಿ’ ಎಂಬ ಮಾತು ಕೇಳಿ ವಾಪಸಾಗುವುದು. ಸಂಜೆ ಅಂಗಡಿಯಲ್ಲಿದ್ದಾಗ ಜೊತೆಗೆ ಓದಿದವರು ಕಂಡರೆ ಅಕ್ಕಿ ಮೂಟೆಯ ಹಿಂದೆ ಸರಿಯುತ್ತಿದ್ದೆ.

ಆ ದಿನಗಳಲ್ಲೇ ಒಂದು ಭಾನುವಾರ ಪಿ. ಶೇಷಾದ್ರಿ ನಿರ್ದೇಶನದ ‘ಭಾರತ್ ಸ್ಟೋರ್ಸ್’ ನೋಡಿದೆ. ಮಾಲ್‌ಗಳ ಭರಾಟೆಯಲ್ಲಿ ನೆಲೆ ಕಳೆದುಕೊಳ್ಳುವ ಕಿರಾಣಿ ಅಂಗಡಿಯ ಕಥೆ. ಅಂಗಡಿಯ ಯಜಮಾನನ ಪಾತ್ರದಲ್ಲಿ ದತ್ತಣ್ಣ. ಸಿನಿಮಾ ಹಾಕಿದರೆ ತೂಕಡಿಸುವ ಅಪ್ಪ ಅಂದು ಎದ್ದು ಕುಳಿತು, ‘ಇವರು ಅಂಗಡಿ ನಡೆಸಿದೋರೇ ಇರಬೇಕು ಕಣೋ’ ಅಂದರು.

ಅಲ್ಲವೇ ಅಲ್ಲ. ಎಚ್.ಜಿ. ದತ್ತಾತ್ರೇಯ ಹುಟ್ಟಿದ್ದು 1942ರಲ್ಲಿ, ಚಿತ್ರದುರ್ಗದಲ್ಲಿ. ಎಂಜಿನಿಯರಿಂಗ್ ಓದಿ ಭಾರತೀಯ ವಾಯುಪಡೆ ಸೇರಿದರು. ಅಲ್ಲಿ ವರ್ಷಗಟ್ಟಲೆ ಸೇವೆ ಸಲ್ಲಿಸಿ ಎಚ್‌ಎಎಲ್‌ನಲ್ಲಿ ಅಧಿಕಾರಿಯಾದರು. ನಾನು ಬಸ್ಸಿನಲ್ಲಿ ದಾಟಿಹೋಗುವ ಅದೇ ಎಚ್‌ಎಎಲ್! ನೌಕರಿಯ ಜೊತೆಗೇ ನಾಟಕದ ನಂಟು ಉಳಿಸಿಕೊಂಡಿದ್ದ ಅವರು ಸಿನಿಮಾಕ್ಕೆ ಬರುವಷ್ಟರಲ್ಲಿ ನಲವತ್ತು ದಾಟಿತ್ತು. ಟಿ.ಎಸ್. ನಾಗಾಭರಣ ಅವರ ‘ಆಸ್ಫೋಟ’ ಅವರ ಆರಂಭದ ಚಿತ್ರಗಳಲ್ಲೊಂದು.

ಆಮೇಲಿನದು ಪಾತ್ರಗಳ ಸಂತೆ. ಬೊಳುವಾರು ಮಹಮದ್ ಕುಂಞಿ ಅವರ ಕಥೆ ಆಧರಿಸಿದ ‘ಮುನ್ನುಡಿ’ಯಲ್ಲಿ ಕರಾವಳಿಯ ಹಸನಬ್ಬ. ಈ ಪಾತ್ರ ಅವರಿಗೆ 2000ನೇ ಸಾಲಿನ ಅತ್ಯುತ್ತಮ ಪೋಷಕ ನಟ ರಾಷ್ಟ್ರಪ್ರಶಸ್ತಿ ತಂದುಕೊಟ್ಟಿತು. ‘ಭಾರತ್ ಸ್ಟೋರ್ಸ್’ಗೂ ರಾಷ್ಟ್ರಪ್ರಶಸ್ತಿಯಲ್ಲಿ ವಿಶೇಷ ಉಲ್ಲೇಖ ಸಿಕ್ಕಿತು. ಶಿವರಾಮ ಕಾರಂತರ ‘ಬೆಟ್ಟದ ಜೀವ’ ತೆರೆಗೆ ಬಂದಾಗ ಗೋಪಾಲಯ್ಯನಾದರು. ‘ನೀರ್‌ದೋಸೆ’ಯಲ್ಲಿ ಜಗ್ಗೇಶ್ ಜೊತೆ ಸೇರಿ ನಕ್ಕುನಗಿಸಿದರು. ಟಿ.ಎನ್. ಸೀತಾರಾಂ ಅವರ ‘ಮಾಯಾಮೃಗ’ದಿಂದ ಮನೆಮನೆಗೂ ಪರಿಚಿತರಾದರು. 2019ರಲ್ಲಿ, 77ನೇ ವಯಸ್ಸಿನಲ್ಲಿ, ಹಿಂದಿಯ ‘ಮಿಷನ್ ಮಂಗಲ್’ನಲ್ಲಿ ಇಸ್ರೊದ ಹಿರಿಯ ವಿಜ್ಞಾನಿಯಾದರು.

ಇಷ್ಟು ಪಾತ್ರಗಳಲ್ಲಿ ಅವರು ಎಲ್ಲಿಯೂ ಗಂಟಲು ಹರಿದುಕೊಳ್ಳುವುದಿಲ್ಲ. ಎದುರಿನವರು ಮಾತಾಡುವಾಗ ನಿಜಕ್ಕೂ ಕೇಳಿಸಿಕೊಳ್ಳುತ್ತಾರೆ. ಹಾಗಾಗಿ ಎದುರಿನವರ ಅಭಿನಯಕ್ಕೂ ತೂಕ ಬರುತ್ತದೆ. ಸಂದರ್ಶನದಲ್ಲಿ ಪ್ರಶ್ನೆ ಮುಗಿಯುವ ಮುಂಚೆಯೇ ಬಾಯಿಪಾಠದ ಉತ್ತರ ಒಪ್ಪಿಸುತ್ತಿದ್ದ ನನಗೆ ಇದು ನಾಟಿತು.

‘ತಡವಾದರೂ ಗೆಲ್ಲಬಹುದು’ ಎಂದು ಹೇಳಿ ಮುಗಿಸಿಬಿಡುವುದು ಸುಲಭ. ಆದರೆ ದತ್ತಣ್ಣನ ಹಿಂದೆ ಭದ್ರವಾದ ನೌಕರಿ ಇತ್ತು. ನಮ್ಮಲ್ಲಿ ಅನೇಕರಿಗೆ ಅದೂ ಇಲ್ಲ. ಹಾಗಾಗಿ ನಾನು ಕಲಿತದ್ದು ಬೇರೆ: ಹೊಟ್ಟೆಪಾಡಿನ ಕೆಲಸ ಮತ್ತು ಮನಸ್ಸಿನ ಕೆಲಸ ಒಂದೇ ಆಗಿರಬೇಕಿಲ್ಲ, ಒಂದನ್ನು ಮಾಡುತ್ತಲೇ ಇನ್ನೊಂದನ್ನು ಜೀವಂತವಾಗಿ ಇಟ್ಟುಕೊಳ್ಳಬಹುದು. ಮುಖ್ಯಪಾತ್ರ ಸಿಗುವವರೆಗೆ ಬಾಳನ್ನು ತಡೆಹಿಡಿಯಬೇಕಿಲ್ಲ.

ಈಗ ಶಿವಾಜಿನಗರದ ಸಣ್ಣದೊಂದು ಕಚೇರಿಯಲ್ಲಿ ಲೆಕ್ಕ ಬರೆಯುತ್ತೇನೆ. ಸಂಬಳ ಹೇಳಿಕೊಳ್ಳುವಷ್ಟಿಲ್ಲ. ಬ್ಯಾಂಕ್ ಪರೀಕ್ಷೆಗೆ ಓದು ನಡೆದಿದೆ. ಸಂಜೆ ಅಪ್ಪ ಕಾಫಿಗೆ ಎದ್ದರೆ ಗಲ್ಲಾದ ಮುಂದೆ ನಾನು ಕೂರುತ್ತೇನೆ. ಪೋಷಕ ಪಾತ್ರ ಅಂದುಕೊಳ್ಳಿ. ಇಷ್ಟು ವರ್ಷ ನನ್ನನ್ನು ಪೋಷಿಸಿದ್ದು ಆ ಗಲ್ಲಾಪೆಟ್ಟಿಗೆಯೇ ತಾನೆ? ಮೊನ್ನೆ ಕಾಲೇಜಿನ ಗೆಳೆಯನೊಬ್ಬ ಅಂಗಡಿ ಮುಂದೆ ನಿಂತ. ಅಕ್ಕಿ ಮೂಟೆಯ ಹಿಂದೆ ಸರಿಯಲಿಲ್ಲ. ‘ಏನು ಕೊಡಲಿ?’ ಎಂದು ಕೇಳಿದೆ.