ಬೇಲಿಯೇ ಹೊಲ ಮೇಯದಂತೆ

ಸಾರಿನ ಪುಡಿಗೆ ಧನಿಯಾ ಎಷ್ಟು, ಮೆಂತ್ಯ ಎಷ್ಟು ಎಂದು ಫೋನಿನಲ್ಲಿ ಹುಡುಕಿ ನೋಡಿ. ಪುಟ ತೆರೆದು ಓದುವಷ್ಟರಲ್ಲಿ ಅಕ್ಷರಗಳೆಲ್ಲ ಕೆಳಕ್ಕೆ ಜಾರಿ, ನಡುವೆ ಸಾಲ ಕೊಡುವವರ ಜಾಹೀರಾತು ಬಂದು ಕೂರುತ್ತದೆ. ಅದನ್ನು ಮುಚ್ಚುವ ಗುರುತು ಎಷ್ಟು ಚಿಕ್ಕದೆಂದರೆ ಬೆರಳು ತಾಗುವುದು ಜಾಹೀರಾತಿಗೇ. ಇದು ಕಾಣುವ ಕಾಟ. ಅಷ್ಟರೊಳಗೆ ನಿಮ್ಮ ಫೋನ್ ಯಾವುದು, ನೀವಿರುವ ಊರು ಯಾವುದು, ಓದುತ್ತಿರುವುದೇನು ಎಂಬ ವಿವರ, ನಿಮಗೆ ಯಾರ ಜಾಹೀರಾತು ತೋರಿಸುವುದೆಂದು ಜಾಹೀರಾತು ಜಾಲ ನಡೆಸುವ ಹರಾಜಿಗೆ ಹೋಗಿ ಬಂದಿರುತ್ತದೆ. ಅದು ಯಾರ ಕಣ್ಣಿಗೂ ಬೀಳುವುದಿಲ್ಲ.

ಆ್ಯಡ್ ಬ್ಲಾಕರ್ ಎಂಬ, ಬ್ರೌಸರ್‌ಗೆ ಸೇರಿಸಿಕೊಳ್ಳುವ ಪುಟ್ಟ ತಂತ್ರಾಂಶ (ಎಕ್ಸ್‌ಟೆನ್ಷನ್) ಈ ಹರಾಜಿಗೇ ಅಡ್ಡ ನಿಲ್ಲುತ್ತದೆ. ಪುಟವು ಯಾವ್ಯಾವ ಸರ್ವರ್‌ಗಳನ್ನು ಕರೆಯುತ್ತಿದೆ ಎಂದು ನೋಡಿ, ಈಸಿಲಿಸ್ಟ್‌ನಂಥ ಜಾಹೀರಾತು ಸರ್ವರ್‌ಗಳ ಪಟ್ಟಿಯಲ್ಲಿ ಹೆಸರಿದ್ದರೆ ಆ ಕರೆಯನ್ನೇ ತಡೆಯುತ್ತದೆ. ಡೇಟಾ ಉಳಿಯುತ್ತದೆ, ಬ್ಯಾಟರಿಯೂ ಅಷ್ಟಿಷ್ಟು. ಸರ್ಚ್ ಮಾಡಿದಾಗ ಅಸಲಿ ಕಂಪನಿಗಳ ವೇಷದಲ್ಲಿ ಬರುವ ವಂಚಕರ ಜಾಹೀರಾತಿನಿಂದ ಪಾರಾಗಲು ಇದನ್ನು ಬಳಸಿ ಎಂದು 2022ರ ಡಿಸೆಂಬರಿನಲ್ಲಿ ಅಮೆರಿಕದ ಎಫ್‌ಬಿಐ ಕೂಡ ಹೇಳಿತ್ತು. ಕಸ್ಟಮರ್ ಕೇರ್ ನಂಬರ್ ಹುಡುಕಲು ಹೋಗಿ ಹಣ ಕಳೆದುಕೊಂಡವರು ನಮ್ಮಲ್ಲೂ ಇದ್ದಾರೆ.

ಆದರೆ ಕಾವಲಿಗೆ ನಿಂತವನು ನೀವು ತೆರೆಯುವ ಪ್ರತಿ ಪುಟವನ್ನೂ ನೋಡಬಲ್ಲ. ಎಡವಟ್ಟಾಗುವುದು ಇಲ್ಲೇ. 2020ರಲ್ಲಿ ನ್ಯಾನೊ ಆ್ಯಡ್‌ಬ್ಲಾಕರ್ ಎಂಬ ಒಳ್ಳೆಯ ಹೆಸರಿನ ಎಕ್ಸ್‌ಟೆನ್ಷನ್ ಹೊಸಬರ ಕೈಗೆ ಮಾರಾಟವಾಯಿತು. ಅಪ್‌ಡೇಟ್ ತನ್ನಷ್ಟಕ್ಕೇ ಬಂತು. ಕೆಲವೇ ದಿನಗಳಲ್ಲಿ, ಗುರುತು ಪರಿಚಯವಿಲ್ಲದವರ ಇನ್‌ಸ್ಟಾಗ್ರಾಂ ಫೋಟೊಗಳಿಗೆಲ್ಲ ತಮ್ಮ ಖಾತೆಯಿಂದ ಲೈಕ್ ಬಿದ್ದಿರುವುದನ್ನು ಬಳಕೆದಾರರು ಕಂಡರು. ಗೂಗಲ್ ಅದನ್ನು ತನ್ನ ಸ್ಟೋರಿನಿಂದ ಕಿತ್ತುಹಾಕಿತು. ಆ್ಯಡ್‌ಬ್ಲಾಕ್ ಪ್ಲಸ್‌ನದು ಇನ್ನೊಂದು ದಾರಿ: 2011ರಿಂದ ‘ಒಪ್ಪಬಹುದಾದ ಜಾಹೀರಾತು’ಗಳನ್ನು ಅದು ಒಳಬಿಡುತ್ತದೆ, ದೊಡ್ಡ ಕಂಪನಿಗಳಿಂದ ಅದಕ್ಕೆ ಶುಲ್ಕವನ್ನೂ ಪಡೆಯುತ್ತದೆ. ಕದ್ದುಮುಚ್ಚಿ ಮಾಡಿದ್ದಲ್ಲ, ನಿಜ. ಆದರೂ ನನಗೆ ಸರಿಕಾಣುವುದಿಲ್ಲ.

ಹಾಗಾಗಿ ನನ್ನ ಆಯ್ಕೆ ಯುಬ್ಲಾಕ್ ಆರಿಜಿನ್. ಇದನ್ನು ಬರೆದ ರೇಮಂಡ್ ಹಿಲ್ ದೇಣಿಗೆಯನ್ನೂ ಮುಟ್ಟುವುದಿಲ್ಲ. ಕೋಡ್ ಬಹಿರಂಗ, ಯಾರು ಬೇಕಾದರೂ ಓದಬಹುದು. ಬರೀ ‘ಯುಬ್ಲಾಕ್’ ಎಂದಿರುವುದು ಬೇರೆಯವರದು. ‘ಆರಿಜಿನ್’ ಎಂಬುದನ್ನೂ ರೇಮಂಡ್ ಹಿಲ್ ಹೆಸರನ್ನೂ ನೋಡಿಯೇ ಹಾಕಿಕೊಳ್ಳಿ.

ಗೂಗಲ್ ತನ್ನ ಎಕ್ಸ್‌ಟೆನ್ಷನ್ ನಿಯಮ ಬದಲಿಸಿದ್ದರಿಂದ ಕಂಪ್ಯೂಟರಿನ ಕ್ರೋಮ್‌ನಲ್ಲಿ ಈಗ ಇದರ ಶಕ್ತಿ ಕುಂದಿದ ‘ಲೈಟ್’ ರೂಪ ಮಾತ್ರ ಸಿಗುತ್ತದೆ. ಜಾಹೀರಾತಿನಿಂದಲೇ ಬದುಕುವ ಕಂಪನಿಯ ಬ್ರೌಸರ್ ಅಲ್ಲವೇ, ಆಶ್ಚರ್ಯವೇನಿಲ್ಲ. ಫೈರ್‌ಫಾಕ್ಸ್‌ನಲ್ಲಿ ಪೂರ್ತಿ ರೂಪ ನಡೆಯುತ್ತದೆ, ಆಂಡ್ರಾಯ್ಡ್ ಫೋನಿನಲ್ಲೂ. ಆ್ಯಪ್‌ಗಳೊಳಗಿನ ಜಾಹೀರಾತಿಗೆ ಇದು ಸಾಲದು. ಆಂಡ್ರಾಯ್ಡ್ 9ರಿಂದೀಚೆಗೆ ಸೆಟ್ಟಿಂಗ್ಸ್‌ನಲ್ಲಿರುವ ಪ್ರೈವೇಟ್ ಡಿಎನ್‌ಎಸ್‌ಗೆ ಆ್ಯಡ್‌ಗಾರ್ಡ್‌ನಂಥವರ ವಿಳಾಸ ಕೊಟ್ಟರೆ, ಜಾಹೀರಾತು ಸರ್ವರ್‌ಗಳ ಹೆಸರಿಗೆ ಇಡೀ ಫೋನಿನಲ್ಲೇ ತಡೆ ಬೀಳುತ್ತದೆ. ಯೂಟ್ಯೂಬ್ ಮಾತ್ರ ಇದಕ್ಕೆ ಜಗ್ಗದು. ಅಲ್ಲಿ ವಿಡಿಯೊವೂ ಜಾಹೀರಾತೂ ಬರುವುದು ಒಂದೇ ಕಡೆಯಿಂದ.

ಹಾಗಾದರೆ ಬರೆಯುವವರ ಹೊಟ್ಟೆಪಾಡು? ನ್ಯಾಯವಾದ ಪ್ರಶ್ನೆ, ಪತ್ರಿಕೆಗೆ ಬರೆಯುವ ನಾನು ಅದನ್ನು ತಳ್ಳಿಹಾಕಲಾರೆ. ಜಾಹೀರಾತಿನ ಮೇಲೆ ನನಗೆ ಸಿಟ್ಟಿಲ್ಲ. ಪೇಪರಿನಲ್ಲಿ ಅಚ್ಚಾದ ಸೀರೆ ಅಂಗಡಿಯ ಜಾಹೀರಾತು ನಾನು ಯಾವ ಪುಟ ತಿರುವಿದೆನೆಂದು ಬರೆದಿಟ್ಟುಕೊಳ್ಳುವುದಿಲ್ಲ. ಚಂದಾ ಇರುವ ತಾಣಕ್ಕೆ ಚಂದಾ ಕಟ್ಟುತ್ತೇನೆ. ಇಷ್ಟದ ಸಣ್ಣ ಕನ್ನಡ ತಾಣಗಳಲ್ಲಿ ಯುಬ್ಲಾಕ್ ಆರಿಜಿನ್‌ನ ದೊಡ್ಡ ಪವರ್ ಗುಂಡಿಯನ್ನು ಒತ್ತಿಬಿಡುತ್ತೇನೆ. ಆ ತಾಣದ ಮಟ್ಟಿಗೆ ಅದು ಸುಮ್ಮನಿರುತ್ತದೆ. ಪುಟಕ್ಕೆ ಮೂರು ವಿಡಿಯೊ ತಾನಾಗಿ ಓಡತೊಡಗಿದರೆ ಮತ್ತೆ ಒತ್ತುತ್ತೇನೆ.